1946–47ರ ಸಂತೋಷ್ ಟ್ರೋಫಿಯಲ್ಲಿ ಮೈಸೂರು ತಂಡ

1946–47ರ ಸಂತೋಷ್ ಟ್ರೋಫಿಯು ಭಾರತದ ರಾಷ್ಟ್ರೀಯ ಫುಟ್‌ಬಾಲ್ ಚಾಂಪಿಯನ್‌ಷಿಪ್‌ನ ನಾಲ್ಕನೆಯ ಆವೃತ್ತಿಯಾಗಿದೆ. ಬೆಂಗಳೂರಿನಲ್ಲಿ ನಡೆದ ಅಂತಿಮ ಪಂದ್ಯದಲ್ಲಿ ಬಂಗಾಳವನ್ನು ಸೋಲಿಸಿದ ಮೈಸೂರು ತಂಡವು ಮೊದಲ ಬಾರಿಗೆ ಈ ಪ್ರಶಸ್ತಿಯನ್ನು ಗಳಿಸಿತು.

ಹಿನ್ನೆಲೆ

1941ರಲ್ಲಿ ಆರಂಭವಾದ ಈ ಪಂದ್ಯಾವಳಿಯಲ್ಲಿ ಬಂಗಾಳವು ಪ್ರಬಲ ತಂಡವಾಗಿತ್ತು. ಮೊದಲ ಮೂರು ಆವೃತ್ತಿಗಳಲ್ಲೂ ಅಂತಿಮ ಪಂದ್ಯ ತಲುಪಿದ್ದ ಅದು 1941 ಮತ್ತು 1945ರಲ್ಲಿ ಗೆದ್ದು, 1944ರಲ್ಲಿ ದೆಹಲಿಗೆ ಸೋತಿತ್ತು. ಬೆಂಗಳೂರಿನಲ್ಲಿಯೂ ಫುಟ್‌ಬಾಲ್ ಆಟವು ಆ ವೇಳೆಗೆ ಬೇರೂರಿತ್ತು. ನಗರದ ಬೆಂಗಳೂರು ಮುಸ್ಲಿಮ್ಸ್ ತಂಡವು 1937 ಮತ್ತು 1938ರಲ್ಲಿ ಮುಂಬಯಿಯ ರೋವರ್ಸ್ ಕಪ್ ಗೆದ್ದಿತ್ತು.

ಆಗಿನ ಮೈಸೂರು ತಂಡವು ಒಡೆಯರ ಆಳ್ವಿಕೆಯ ಮೈಸೂರು ಸಂಸ್ಥಾನವನ್ನು ಪ್ರತಿನಿಧಿಸುತ್ತಿತ್ತು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳನ್ನು ಒಳಗೊಂಡ ಬಿಜಾಪುರ ಜಿಲ್ಲೆಯು ಮುಂಬಯಿ ಪ್ರಾಂತ್ಯದಲ್ಲಿದ್ದು, 1956ರಲ್ಲಿ ಮೈಸೂರು ರಾಜ್ಯಕ್ಕೆ ಸೇರಿತು.

ಅಂತಿಮ ಪಂದ್ಯ

ಮೊದಲ ಪಂದ್ಯವು ಗೋಲುಗಳಿಲ್ಲದೆ ಸಮಬಲದಲ್ಲಿ ಮುಗಿಯಿತು. ಮರುಪಂದ್ಯದಲ್ಲಿ ಮೈಸೂರು 2–1ರಿಂದ ಜಯ ಸಾಧಿಸಿತು. ಇದರೊಂದಿಗೆ ಬಂಗಾಳ ಮತ್ತು ದೆಹಲಿಗಳ ನಂತರ ಟ್ರೋಫಿ ಗೆದ್ದ ಮೂರನೆಯ ತಂಡವಾಯಿತು.

ನಂತರದ ವರ್ಷಗಳು

1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಏಕೈಕ ಗೋಲನ್ನು ಬೆಂಗಳೂರಿನ ಸಾರಂಗಪಾಣಿ ರಾಮನ್ ಹೊಡೆದರು. ನಗರದ ಇನ್ನೊಬ್ಬ ಆಟಗಾರ ಅಹ್ಮದ್ ಖಾನ್ ಕೂಡ ಆ ತಂಡದಲ್ಲಿದ್ದರು.

ಮೈಸೂರು ತಂಡವು 1952–53, 1967–68 ಮತ್ತು 1968–69ರಲ್ಲಿ ಮತ್ತೆ ಚಾಂಪಿಯನ್ ಆಯಿತು. ನಾಲ್ಕೂ ಬಾರಿ ಅಂತಿಮ ಪಂದ್ಯದ ಎದುರಾಳಿ ಬಂಗಾಳವೇ ಆಗಿತ್ತು. ಕರ್ನಾಟಕ ಎಂಬ ಹೆಸರಿನಲ್ಲಿ ರಾಜ್ಯವು ಮೊದಲ ಬಾರಿಗೆ ಟ್ರೋಫಿ ಗೆದ್ದದ್ದು 2023ರ ಮಾರ್ಚ್‌ನಲ್ಲಿ, ಸೌದಿ ಅರೇಬಿಯಾದ ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿದಾಗ.