ಹುಡುಗಿ ಸಿದ್ಧಳಿದ್ದಳು, ವ್ಯವಸ್ಥೆ ಇರಲಿಲ್ಲ

ಐರ್ಲೆಂಡಿನ ಪಶ್ಚಿಮ ಭಾಗದ ಗಾಲ್ವೇ ಕೌಂಟಿಯಲ್ಲಿ ಬ್ಯಾಲಿನಸ್ಲೋ ಎಂಬ ಊರಿದೆ. ಪ್ರತಿ ಅಕ್ಟೋಬರ್‌ನಲ್ಲಿ ನಡೆಯುವ ಕುದುರೆ ಜಾತ್ರೆಯಿಂದ ಹೆಸರಾದ ಊರು. ಆ ಸೀಮೆಯಲ್ಲಿ ಆಟವೆಂದರೆ ಮೊದಲು ಹರ್ಲಿಂಗ್, ಗೇಲಿಕ್ ಫುಟ್‌ಬಾಲ್. ರಗ್ಬಿ ಏನಿದ್ದರೂ ಆಮೇಲೆ. ಅಲ್ಲಿಂದ ಬಂದ ಬೇವೀನ್ ಪಾರ್ಸನ್ಸ್ 2018ರ ನವೆಂಬರ್‌ನಲ್ಲಿ ಡಬ್ಲಿನ್‌ನ ಡಾನಿಬ್ರೂಕ್‌ನಲ್ಲಿ ಅಮೆರಿಕದ ವಿರುದ್ಧ ಐರ್ಲೆಂಡ್ ಪರವಾಗಿ ಬದಲಿ ಆಟಗಾರ್ತಿಯಾಗಿ ಮೈದಾನಕ್ಕಿಳಿದಳು. ಇನ್ನೂ ಶಾಲೆಗೆ ಹೋಗುತ್ತಿದ್ದ ಹುಡುಗಿ, ವಯಸ್ಸು 16. ಅಷ್ಟು ಚಿಕ್ಕ ವಯಸ್ಸಿನ ಆಟಗಾರ್ತಿ ಐರ್ಲೆಂಡಿನ ಹಿರಿಯರ ತಂಡದಲ್ಲಿ ಅದುವರೆಗೆ ಆಡಿರಲಿಲ್ಲ.

ರಗ್ಬಿ ನೋಡದವರಿಗೆ ಒಂದು ಮಾತು. ಮೊಟ್ಟೆಯಾಕಾರದ ಚೆಂಡನ್ನು ಕೈಯಿಂದ ಹಿಂದಕ್ಕೆ ಅಥವಾ ಪಕ್ಕಕ್ಕೆ ಮಾತ್ರ ಎಸೆಯಬಹುದು. ಮುಂದಕ್ಕೆ ಒಯ್ಯಬೇಕಾದರೆ ಹಿಡಿದುಕೊಂಡು ಓಡಬೇಕು. ಎದುರಾಳಿಯ ಗೆರೆ ದಾಟಿ ನೆಲಕ್ಕೆ ತಾಗಿಸಿದರೆ ಅದು ‘ಟ್ರೈ’, ಐದು ಅಂಕ. ಬೇವೀನ್ ಆಡುವುದು ವಿಂಗ್‌ನಲ್ಲಿ, ಅಂದರೆ ಮೈದಾನದ ಅಂಚಿನಲ್ಲಿ. ಚೆಂಡು ಅಲ್ಲಿಗೆ ತಲುಪಿತೆಂದರೆ ಉಳಿದದ್ದು ಕಾಲಿನ ವೇಗ.

ಈ ದಾಖಲೆಯನ್ನು ಬರೀ ಪ್ರತಿಭೆಯ ಕಥೆಯಾಗಿ ಹೇಳಿ ಮುಗಿಸಬಹುದು. ಆದರೆ ಆಕೆ ಸೇರಿಕೊಂಡ ತಂಡ ಯಾವ ಸ್ಥಿತಿಯಲ್ಲಿತ್ತು ಎಂಬುದನ್ನೂ ನೋಡಬೇಕು.

ಐರ್ಲೆಂಡಿನ ಪುರುಷರು ಮೊದಲ ಅಂತರರಾಷ್ಟ್ರೀಯ ಪಂದ್ಯ ಆಡಿದ್ದು 1875ರಲ್ಲಿ. ಮಹಿಳೆಯರ ಸರದಿ ಬಂದದ್ದು 118 ವರ್ಷಗಳ ನಂತರ, 1993ರಲ್ಲಿ, ಎಡಿನ್‌ಬರೋದಲ್ಲಿ ಸ್ಕಾಟ್ಲೆಂಡ್ ವಿರುದ್ಧ. ತಡವಾಗಿ ಬಂದರೂ ಬೇಗ ಮೇಲೇರಿದರು. 2013ರ ಸಿಕ್ಸ್ ನೇಷನ್ಸ್ ಟೂರ್ನಿಯಲ್ಲಿ ಐದಕ್ಕೆ ಐದೂ ಪಂದ್ಯ ಗೆದ್ದರು. 2014ರ ವಿಶ್ವಕಪ್‌ನಲ್ಲಿ ನ್ಯೂಜಿಲೆಂಡನ್ನು 17-14ರಿಂದ ಮಣಿಸಿದರು. ಆದರೆ ಆ ಗೆಲುವಿನ ಅಡಿಪಾಯದ ಮೇಲೆ ಯಾರೂ ಗೋಡೆ ಎಬ್ಬಿಸಲಿಲ್ಲ. 2017ರಲ್ಲಿ ವಿಶ್ವಕಪ್ ತಮ್ಮ ನೆಲದಲ್ಲೇ ನಡೆದಾಗ ಐರ್ಲೆಂಡ್ 8ನೇ ಸ್ಥಾನಕ್ಕೆ ಕುಸಿಯಿತು. ಮರುವರ್ಷ 16ರ ಹುಡುಗಿಗೆ ಕರೆ ಹೋಯಿತು. ಅದರಲ್ಲಿ ಆಕೆಯ ವೇಗ ಎಷ್ಟಿತ್ತೋ, ತಂಡದ ಬಡತನವೂ ಅಷ್ಟೇ ಇತ್ತು ಎಂದು ನನಗನಿಸುತ್ತದೆ.

2021ರ ಸಿಕ್ಸ್ ನೇಷನ್ಸ್‌ನಲ್ಲಿ ವೇಲ್ಸ್ ವಿರುದ್ಧ ಐರ್ಲೆಂಡ್ 45-0ರಿಂದ ಗೆದ್ದಾಗ ಬೇವೀನ್ ಎರಡು ಟ್ರೈ ಗಳಿಸಿದಳು. ಎಲ್ಲ ಸರಿಹೋಯಿತು ಎನ್ನುವಷ್ಟರಲ್ಲೇ ಪೆಟ್ಟು ಬಿತ್ತು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಇಟಲಿಯ ಪಾರ್ಮಾದಲ್ಲಿ ನಡೆದ ಅರ್ಹತಾ ಟೂರ್ನಿಯಲ್ಲಿ ಸ್ಪೇನ್ ವಿರುದ್ಧ 8-7ರಿಂದ, ಸ್ಕಾಟ್ಲೆಂಡ್ ವಿರುದ್ಧ ಕೊನೆಯ ಒದೆತದಲ್ಲಿ 20-18ರಿಂದ ಸೋತು, ವಿಶ್ವಕಪ್‌ನ ಬಾಗಿಲು ಮುಚ್ಚಿತು.

ಮೂರು ಅಂಕ ಎಂದು ಯಾರೂ ಸಮಾಧಾನ ಮಾಡಿಕೊಳ್ಳಲಿಲ್ಲ. ಡಿಸೆಂಬರ್‌ನಲ್ಲಿ 62 ಹಾಲಿ ಮತ್ತು ಮಾಜಿ ಆಟಗಾರ್ತಿಯರು ಐರಿಶ್ ಸರ್ಕಾರಕ್ಕೆ ಪತ್ರ ಬರೆದರು. ರಗ್ಬಿ ಯೂನಿಯನ್ ಮೇಲೆ ತಮಗಿದ್ದ ನಂಬಿಕೆ ಹೋಗಿದೆ ಎಂದು ನೇರವಾಗಿ ಹೇಳಿದರು. ತಂಡದಲ್ಲಿ ಜಾಗ ಕೊಡುವವರ ವಿರುದ್ಧವೇ ಹೆಸರು ಹಾಕಿ ಬರೆಯುವುದು ಸಣ್ಣ ಧೈರ್ಯವಲ್ಲ. 2022ರ ನವೆಂಬರ್‌ನಲ್ಲಿ 29 ಆಟಗಾರ್ತಿಯರಿಗೆ ಸಂಬಳದ ಒಪ್ಪಂದ ಪ್ರಕಟವಾಯಿತು. ಮುಟ್ಟಿನ ದಿನಗಳಲ್ಲಿ ಬಿಳಿ ಚಡ್ಡಿ ತೊಟ್ಟು ಆಡುವ ಆತಂಕವನ್ನು ಆಟಗಾರ್ತಿಯರು ಹೇಳಿಕೊಂಡ ಮೇಲೆ, 2023ರಲ್ಲಿ ಅದರ ಬಣ್ಣ ಕಡುನೀಲಿಯಾಯಿತು.

ಆದರೂ 2023ರ ಸಿಕ್ಸ್ ನೇಷನ್ಸ್‌ನಲ್ಲಿ ಐದೂ ಪಂದ್ಯ ಸೋತರು. ಇಂದು ಬಿತ್ತಿ ನಾಳೆ ಕೊಯ್ಯಲಾದೀತೇ? 2024ರಲ್ಲಿ ಮೂರನೇ ಸ್ಥಾನಕ್ಕೆ ಬಂದು, 2025ರ ವಿಶ್ವಕಪ್‌ಗೆ ನೇರ ಅರ್ಹತೆ ಪಡೆದರು. ಇತ್ತ ಏಳು ಜನರ ರಗ್ಬಿ ಸೆವೆನ್ಸ್‌ನಲ್ಲಿ ಐರ್ಲೆಂಡಿನ ಮಹಿಳೆಯರು ಮೊದಲ ಬಾರಿ ಒಲಿಂಪಿಕ್ಸ್‌ಗೆ ಹೋದರು. ಆ ತಂಡದಲ್ಲಿದ್ದ ಬೇವೀನ್ ಪ್ಯಾರಿಸ್‌ನಲ್ಲಿ ಕಾಲು ಮುರಿದುಕೊಂಡಳು. ಸುಮಾರು ಒಂದು ವರ್ಷ ಆಕೆ ಮೈದಾನದಿಂದ ಹೊರಗುಳಿದಳು.

ಈ ಕಥೆಯ ಮುಖ್ಯ ಭಾಗ ಆಕೆ ಇಲ್ಲದ ಒಂದು ಪಂದ್ಯದಲ್ಲಿದೆ. 2024ರ ಸೆಪ್ಟೆಂಬರ್‌ನಲ್ಲಿ ಕೆನಡಾದ ವ್ಯಾಂಕೂವರ್‌ನಲ್ಲಿ ಐರ್ಲೆಂಡ್, ವಿಶ್ವ ಚಾಂಪಿಯನ್ ನ್ಯೂಜಿಲೆಂಡನ್ನು 29-27ರಿಂದ ಸೋಲಿಸಿತು. ಎರಿನ್ ಕಿಂಗ್ ಎರಡು ಟ್ರೈ ಗಳಿಸಿದಳು. ಗೆಲುವಿನ ಎರಡು ಅಂಕ ತಂದ ಒದೆತ ಡ್ಯಾನಾ ಓಬ್ರಿಯನ್‌ಳದು. ಇಬ್ಬರೂ ಬೇವೀನ್‌ಗಿಂತ ಚಿಕ್ಕವರು.

2025ರ ವಿಶ್ವಕಪ್ ಹೊತ್ತಿಗೆ ಬೇವೀನ್ ಮರಳಿದಳು. ಕ್ವಾರ್ಟರ್ ಫೈನಲ್‌ನಲ್ಲಿ ಐರ್ಲೆಂಡ್ ಫ್ರಾನ್ಸ್‌ಗೆ 18-13ರಿಂದ ಸೋತಿತು. ಆದರೆ ಲೆಕ್ಕ ಹಾಕಬೇಕಾದದ್ದು ಬೇರೆಯೇ ಇದೆ. 2018ರಲ್ಲಿ ಒಬ್ಬ ಶಾಲಾ ಹುಡುಗಿಯ ಓಟದ ಮೇಲೆ ಆಸೆ ಇಟ್ಟಿದ್ದ ತಂಡ, ಆರು ವರ್ಷಗಳಲ್ಲಿ ಆಕೆ ಇಲ್ಲದೆಯೂ ಜಗತ್ತಿನ ಅತ್ಯುತ್ತಮ ತಂಡವನ್ನು ಸೋಲಿಸುವಷ್ಟು ಬೆಳೆದಿತ್ತು. ಆ ಬೆಳವಣಿಗೆಯ ಹಿಂದೆ ಆಕೆಯ ಟ್ರೈಗಳ ಜೊತೆಗೆ 62 ಸಹಿಗಳೂ ಇವೆ.