ಗುಡ್ಡದೂರಿನ ಜನ: ಹೋದವರು, ಬಂದವರು, ಉಳಿದವರು

ನಾನು ಇತಿಹಾಸದ ವಿದ್ವಾಂಸನಲ್ಲ. ಬಿ.ಎ. ತರಗತಿಯಲ್ಲಿ ಇತಿಹಾಸ ಓದಿ, ಆಮೇಲೆ ಬ್ಯಾಂಕಿನ ಗುಮಾಸ್ತನಾಗಿ ಲೆಕ್ಕ ಬರೆಯುತ್ತಾ ಬಂದವನು. ಕೆಲವು ವರ್ಷಗಳ ಹಿಂದೆ ಕಾಸರಗೋಡಿನ ಮೂಡುಭಾಗದ ಒಂದು ಗುಡ್ಡದೂರಿನ ಶಾಖೆಯಲ್ಲಿದ್ದಾಗ, ಕಂಪ್ಯೂಟರ್ ಬರುವುದಕ್ಕೆ ಮೊದಲಿನ ಮಾದರಿ ಸಹಿಯ ಕಾರ್ಡುಗಳನ್ನು ಜೋಡಿಸಿಡುವ ಕೆಲಸ ನನ್ನ ಪಾಲಿಗೆ ಬಂತು. ಅಜ್ಜನದು ಹೆಬ್ಬೆಟ್ಟು, ಮಗನದು ದುಂಡಗಿನ ಕನ್ನಡ ಸಹಿ, ಮೊಮ್ಮಗನದು ಇಂಗ್ಲಿಷಿನ ಗೀಚು. ವಿಳಾಸದ ಜಾಗದಲ್ಲಿ ಮನೆಯ ಹೆಸರನ್ನು ಹೊಡೆದು ಮುಂಬಯಿ, ದುಬಾಯಿ, ಬೆಂಗಳೂರು ಎಂದು ತಿದ್ದಲಾಗಿತ್ತು. ಕಾರ್ಡುಗಳನ್ನು ಕಟ್ಟಿಡುವಾಗ ನನ್ನ ಕೈಯಲ್ಲಿರುವುದು ಊರಿನ ಚರಿತ್ರೆಯೇ ಅಲ್ಲವೇ ಅನ್ನಿಸಿತು.

ನಮ್ಮ ಸಭೆಗಳಲ್ಲಿ ಒಂದು ಮಾತು ಮತ್ತೆ ಮತ್ತೆ ಕೇಳಿಬರುತ್ತದೆ. ಗಡಿ ಬಂತು, ತೆಂಕಣದವರು ಬಂದರು, ನಾವು ಕಡಿಮೆಯಾದೆವು ಎಂದು. ಈ ಮಾತಿನಲ್ಲಿ ನಿಜವಾದ ನೋವಿದೆ. ಆದರೆ ಆ ಕಾರ್ಡುಗಳು ಇನ್ನೂ ಬೇರೆ ಕೆಲವು ವಿಷಯ ಹೇಳುತ್ತವೆ.

ಕಾಸರಗೋಡು ತಾಲೂಕು 1956ರ ಅಕ್ಟೋಬರ್ ತನಕ ಮದ್ರಾಸು ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತು. ಫಜಲ್ ಅಲಿ ಆಯೋಗದ ಶಿಫಾರಸಿನಂತೆ ನವೆಂಬರ್ 1ರಂದು ಕೇರಳಕ್ಕೆ ಸೇರಿತು. ಚಂದ್ರಗಿರಿ ಹೊಳೆಯ ಉತ್ತರ ಭಾಗ ಮೈಸೂರು ರಾಜ್ಯಕ್ಕೆ ಸಲ್ಲಬೇಕೆಂದು ಮಹಾಜನ ಆಯೋಗ 1967ರಲ್ಲಿ ಹೇಳಿದರೂ ಅದು ಜಾರಿಯಾಗಲಿಲ್ಲ. ಆಗ ನನ್ನ ತಂದೆ ಇನ್ನೂ ಶಾಲೆಗೆ ಹೋಗುವ ಹುಡುಗ. ರಾಜ್ಯ ಬದಲಾದ ದಿನ ಊರಿನಲ್ಲಿ ಯಾರೂ ಗಂಟುಮೂಟೆ ಕಟ್ಟಲಿಲ್ಲ, ಅಂಗಳದ ಅಡಕೆ ಅಂಗಳದಲ್ಲೇ ಒಣಗಿತು ಎಂದು ಅವರು ಹೇಳುತ್ತಿದ್ದರು. ಬದಲಾದದ್ದು ಕಚೇರಿಯ ಭಾಷೆ. ಅರ್ಜಿ ಬರೆಯಲು ಬಲ್ಲ ಮನುಷ್ಯ ಒಮ್ಮೆಲೇ ಅರ್ಜಿ ಬರೆಸಲು ಇನ್ನೊಬ್ಬರನ್ನು ಹುಡುಕುವವನಾದ. ಇದು ಸಣ್ಣ ಅನ್ಯಾಯವಲ್ಲ. ಆದರೂ ಆ ಗಡಿರೇಖೆ ಒಂದು ಮನೆಯನ್ನೂ ಬರಿದು ಮಾಡಲಿಲ್ಲ.

ಮನೆಗಳು ಬರಿದಾದದ್ದು ಮುಂದೆ, ನಿಧಾನವಾಗಿ. ಅದಕ್ಕೆ ಮುಖ್ಯ ಕಾರಣ ಎರಡು ಕಾನೂನುಗಳೆಂದು ನನ್ನ ತಿಳುವಳಿಕೆ. 1970ರ ಜನವರಿ 1ರಿಂದ ಕೇರಳದಲ್ಲಿ ಗೇಣಿಪದ್ಧತಿ ಕೊನೆಗೊಂಡಿತು. ಮೂಲಗೇಣಿ, ಚಾಲಗೇಣಿ ಎಂದು ತಲೆಮಾರುಗಳಿಂದ ಉತ್ತವರಿಗೆ ಭೂಮಿ ಸಿಕ್ಕಿತು. ಅದು ನ್ಯಾಯವೇ. ಹಾಗೆ ಭೂಮಿ ಪಡೆದ ಒಕ್ಕಲುಗಳು ಊರಿನಲ್ಲಿ ಬೇರುಬಿಟ್ಟರೆ, ಗೇಣಿಯ ಅಕ್ಕಿಯನ್ನೇ ನಂಬಿದ್ದ ದೊಡ್ಡ ಮನೆಗಳ ಮಕ್ಕಳು ಸಂಬಳದ ಕೆಲಸ ಹುಡುಕಿ ಹೊರಟರು. ಎರಡನೆಯದು 1976ರ ಡಿಸೆಂಬರ್ 1ರಂದು ಜಾರಿಗೆ ಬಂದ ಅವಿಭಕ್ತ ಕುಟುಂಬ ರದ್ದತಿ ಕಾನೂನು. ಇದರಿಂದ ಅಳಿಯಸಂತಾನದ ತರವಾಡು ಮನೆಗಳಲ್ಲಿ ಪ್ರತಿಯೊಬ್ಬರಿಗೂ ಪ್ರತ್ಯೇಕ ಪಾಲು ಬಂತು. ಪಾಲು ಬಂದ ಮೇಲೆ ಅದನ್ನು ಮಾರಿ ಹೋಗುವುದೂ ಸುಲಭವಾಯಿತು. ದೈವದ ಕೋಲದ ದಿನ ಮಾತ್ರ ಬಾಗಿಲು ತೆರೆಯುವ ಮನೆಗಳನ್ನು ಈಗ ನಮ್ಮ ಓದುಗರೆಲ್ಲ ಬಲ್ಲರು.

ಇನ್ನು ಬಂದವರ ಮಾತು. ತಿರುವಾಂಕೂರಿನ ಕಡೆಯ ರೈತರ ವಲಸೆ ರಾಜ್ಯ ಪುನರ್ವಿಂಗಡಣೆಗೂ ಹಿಂದಿನದು. ಹೊಸದುರ್ಗದ ಮೂಡಣ ಗುಡ್ಡಗಳಲ್ಲಿ ರಾಜಪುರಂ ನೆಲೆಯಾದದ್ದು 1943ರಲ್ಲಿ, ಕೋಟ್ಟಯಂ ಕಡೆಯ ಕ್ನಾನಾಯ ಕ್ರೈಸ್ತರಿಂದ. ಕಾಡು, ಮಲೇರಿಯಾ, ಹಸಿವು ಎಲ್ಲವನ್ನೂ ಕಂಡವರು ಅವರು. ಉತ್ತರದ ನಮ್ಮ ಊರುಗಳಿಗೆ ರಬ್ಬರ್ ಕೃಷಿಕರು, ಅಧ್ಯಾಪಕರು, ನೌಕರರು ಹೆಚ್ಚಾಗಿ ಬಂದದ್ದು ಆಮೇಲೆ. ಅವರಲ್ಲಿ ಹಲವರು ಕೊಂಡದ್ದು ನಾವು ಮಾರಿದ ಭೂಮಿಯನ್ನು. ಕ್ರಯಪತ್ರದ ಕೆಳಗೆ ಮಾರಿದವನ ಸಹಿ ಕನ್ನಡದಲ್ಲಿಯೇ ಇರುತ್ತದೆ.

ಗಣತಿಯ ಅಂಕಿಗಳಿಂದ ಇದು ಕಾಣಿಸುವುದಿಲ್ಲ. ಕಾಸರಗೋಡು ಜಿಲ್ಲೆಯ ಜನಸಂಖ್ಯೆ 2001ರಲ್ಲಿ 12,04,078, 2011ರಲ್ಲಿ 13,07,375. ಹತ್ತು ವರ್ಷಗಳಲ್ಲಿ ಲಕ್ಷ ಜನ ಹೆಚ್ಚಾದರು. ಆದರೆ ಪೇಟೆಯಲ್ಲಿ ಹೆಚ್ಚಿದ ತಲೆ, ಗುಡ್ಡದಲ್ಲಿ ನಂದಿದ ಒಲೆ, ಎರಡೂ ಒಂದೇ ಮೊತ್ತದೊಳಗೆ ಸೇರಿಹೋಗುತ್ತವೆ. ಮಾತೃಭಾಷೆಯ ಕಾಲಂ ಕೂಡ ಹಾಗೆಯೇ. ಮನೆಯಲ್ಲಿ ತುಳುವೋ ಕೊಂಕಣಿಯೋ ಮರಾಠಿಯೋ ಆಡುವವರು ಅದನ್ನೇ ಬರೆಸುತ್ತಾರೆ, ಬರೆಸಬೇಕಾದದ್ದೂ ಅದನ್ನೇ. ಆದರೆ ಅವರು ಅಕ್ಷರ ಕಲಿತದ್ದು ಕನ್ನಡ ಶಾಲೆಯಲ್ಲಿ. ಆದ್ದರಿಂದ ನಮ್ಮ ಕಡೆ ಕನ್ನಡದ ನಿಜವಾದ ಲೆಕ್ಕ ಸಿಗುವುದು ಶಾಲೆಯ ಹಾಜರಿ ಪುಸ್ತಕದಲ್ಲಿ.

ಊರು ಬದುಕುವುದು ಹೇಗೆ? ಮೊದಲು ನೀರು. ನಮ್ಮ ಮನೆಯ ತೋಟಕ್ಕೆ ಇಂದಿಗೂ ಅಜ್ಜನ ಕಾಲದ ಸುರಂಗದ ನೀರು. ಮುರಕಲ್ಲಿನ ಗುಡ್ಡದ ಹೊಟ್ಟೆಗೆ ಒಬ್ಬ ಬಗ್ಗಿ ನಡೆಯುವಷ್ಟು ಅಗಲಕ್ಕೆ ಅಡ್ಡಡ್ಡ ಕೊರೆದದ್ದು; ಪಂಪು ಬೇಡ, ನೀರು ತಾನೇ ಹರಿದು ಕೆರೆಗೆ ಬೀಳುತ್ತದೆ. ಅದನ್ನು ಕೊರೆದವರು ಚಂದ್ರಗಿರಿಯ ಆಚೆಯಿಂದ ಬಂದ ಮಲಯಾಳ ಮಾತನಾಡುವ ಕೆಲಸಗಾರರು. ಒಳಗೆ ದೀಪ ಮಂಕಾದರೆ ಉಸಿರಿಗೆ ಗಾಳಿ ಸಾಲದೆಂದು ತಿಳಿದು ಹೊರಗೆ ಬರುತ್ತಿದ್ದರಂತೆ. ಅಜ್ಜನಿಗೆ ಮಲಯಾಳ ಬಾರದು, ಅವರಿಗೆ ಕನ್ನಡ ಬಾರದು. ತುಳುವಿನಲ್ಲಿ ಕೆಲಸ ನಡೆಯಿತು. ಗಡಿಯಾಚೆ ಅಡ್ಯನಡ್ಕದ ಬಳಿ ಬೋಳುಗುಡ್ಡಕ್ಕೆ ಸುರಂಗ ಕೊರೆದು ತೋಟ ಮಾಡಿದ ಅಮೈ ಮಹಾಲಿಂಗ ನಾಯ್ಕರಿಗೆ 2022ರಲ್ಲಿ ಪದ್ಮಶ್ರೀ ಬಂದಾಗ ನಮ್ಮ ಊರಿನವರೂ ಹೆಮ್ಮೆಪಟ್ಟರು.

ಅದೇ ನೀರಿಗೆ ವಿಷವೂ ಬಿತ್ತು. ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿಯುವುದು ನಿಂತದ್ದು 2000ದ ಕೊನೆಗೆ. ಪಡ್ರೆ, ಸ್ವರ್ಗದ ಕಡೆಯ ಎಷ್ಟೋ ಮನೆಗಳಲ್ಲಿ ತಾಯಂದಿರು ಬೆಳೆದ ಮಕ್ಕಳನ್ನು ಇಂದಿಗೂ ಎತ್ತಿಕೊಂಡೇ ಆರೈಕೆ ಮಾಡುತ್ತಾರೆ. ಸಂತ್ರಸ್ತರಿಗೆ ತಲಾ ಐದು ಲಕ್ಷ ಕೊಡಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ್ದು 2017ರಲ್ಲಿ. ಈ ಊರುಗಳ ದುಃಖವನ್ನು ಅಂಬಿಕಾಸುತನ್ ಮಾಂಗಾಡ್ ಅವರು 2009ರಲ್ಲಿ 'ಎನ್ಮಕಜೆ' ಎಂಬ ಕಾದಂಬರಿಯಾಗಿ ಬರೆದರು, ಮಲಯಾಳದಲ್ಲಿ. ದುಃಖಕ್ಕೆ ಭಾಷೆಯ ಗಡಿ ಇರಲಿಲ್ಲ.

ನೀರಿನ ನಂತರ ಶಾಲೆ. ಅಲ್ಪಸಂಖ್ಯಾತ ಮಕ್ಕಳಿಗೆ ಪ್ರಾಥಮಿಕ ಶಿಕ್ಷಣ ಮಾತೃಭಾಷೆಯಲ್ಲಿ ದೊರೆಯುವಂತೆ ನೋಡಿಕೊಳ್ಳಬೇಕೆಂದು ಸಂವಿಧಾನದ 350ಎ ವಿಧಿ ಹೇಳುತ್ತದೆ. ಅದು ಸೇರಿದ್ದೂ 1956ರಲ್ಲಿಯೇ. ಹಕ್ಕು ಇದೆ, ಅದಕ್ಕಾಗಿ ಹೋರಾಡಿದ ಹಿರಿಯರೂ ಇದ್ದರು. 2015ರಲ್ಲಿ ನೂರು ತುಂಬಿ ತೀರಿಕೊಂಡ ಕಯ್ಯಾರ ಕಿಞ್ಞಣ್ಣ ರೈಗಳು ವಿಲೀನಕ್ಕಾಗಿ ದನಿ ಎತ್ತಿದರು. ಜೊತೆಗೆ ಪೆರಡಾಲದ ಶಾಲೆಯಲ್ಲಿ ಪಾಠ ಹೇಳಿದರು, ಬೇಸಾಯವನ್ನೂ ಬಿಡಲಿಲ್ಲ. ಘೋಷಣೆಗಿಂತ ಆ ಬದುಕು ನಮಗೆ ದೊಡ್ಡ ಪಾಠ.

ಇಷ್ಟೆಲ್ಲ ಬರೆಯುವ ನಾನು ಒಂದು ಮಾತನ್ನು ಮುಚ್ಚಿಟ್ಟರೆ ಈ ಲೇಖನ ಸುಳ್ಳಾಗುತ್ತದೆ. ನಾನು ಓದಿದ ಕನ್ನಡ ಶಾಲೆ ಮನೆಯಿಂದ ಕೂಗಳತೆಯಲ್ಲಿದೆ. ಮಗಳನ್ನು ಒಂದನೆಯ ತರಗತಿಗೆ ಸೇರಿಸುವ ವರ್ಷ ಅಲ್ಲಿನ ಅಧ್ಯಾಪಕರು ಎರಡು ಸಲ ಮನೆಗೆ ಬಂದರು. ಇನ್ನೊಂದು ಮಗು ಸಿಕ್ಕಿದರೂ ಆಸರೆ ಎಂದರು. ನಾನು ಅವಳನ್ನು ಪೇಟೆಯ ಇಂಗ್ಲಿಷ್ ಮಾಧ್ಯಮದ ಶಾಲೆಯ ಬಸ್ಸು ಹತ್ತಿಸಿದೆ. ಆ ದಿನ ಕನ್ನಡ ಶಾಲೆಯಲ್ಲಿ ಒಂದು ಸ್ಥಾನ ಖಾಲಿಯಾದದ್ದು ಯಾವ ಆಯೋಗದಿಂದಲೂ ಅಲ್ಲ, ಯಾವ ವಲಸೆಯಿಂದಲೂ ಅಲ್ಲ. ಈಗ ಸಂಜೆ ಅವಳಿಗೆ ನಾನೇ ಕನ್ನಡ ಕಲಿಸುತ್ತೇನೆ. ಓದುತ್ತಾಳೆ, ಬರೆಯುವಾಗ ತಡವರಿಸುತ್ತಾಳೆ. ಕಳೆದ ವರ್ಷ ಅವಳ ಹೆಸರಿನಲ್ಲಿ ಖಾತೆ ತೆರೆದಾಗ ಕನ್ನಡದಲ್ಲಿ ಸಹಿ ಹಾಕು ಎಂದೆ. ಎರಡು ಫಾರಂ ಹಾಳಾಗಿ, ಮೂರನೆಯದರಲ್ಲಿ ಸರಿಯಾಯಿತು.

ಈ ವಾರ್ಷಿಕವನ್ನು ಓದುವ ಮನೆಗಳಲ್ಲಿ ಒಂದು ವಿನಂತಿ. ಅಟ್ಟದಲ್ಲಿರುವ ಗೇಣಿ ಚೀಟು, ಪಾಲುಪಟ್ಟಿ, ಶಾಲೆಯ ಟಿ.ಸಿ.ಗಳನ್ನು ಗೆದ್ದಲಿಗೆ ಬಿಡಬೇಡಿ. ಮನೆಯಿಂದ ಯಾರು ಯಾವ ವರ್ಷ ಎಲ್ಲಿಗೆ ಹೋದರು, ಆ ಭೂಮಿಗೆ ಯಾರು ಬಂದರು, ಅದನ್ನು ಒಂದು ನೋಟು ಪುಸ್ತಕದಲ್ಲಿ ಬರೆದಿಡಿ. ಬಂದವರ ಮನೆಯ ಕಥೆಯನ್ನೂ ಕೇಳಿ ಬರೆಯಿರಿ. ಅವರ ಮಕ್ಕಳೂ ಈಗ ಇದೇ ಊರಿನವರು. ಮುಂದಿನ ಜೂನಿನಲ್ಲಿ ಕನ್ನಡ ಶಾಲೆಯ ಅಧ್ಯಾಪಕರು ನಿಮ್ಮ ಅಂಗಳಕ್ಕೆ ಬಂದರೆ, ನಾನು ಕೊಟ್ಟ ಉತ್ತರವನ್ನು ನೀವು ಕೊಡಬೇಡಿ.