ಗೇರುಬೀಜ ಹಡಗು ಹತ್ತಿದಾಗ

ಪೋರ್ಚುಗೀಸರು ಬ್ರೆಜಿಲ್‌ನಿಂದ ತಂದ ಗೇರು ನಮ್ಮ ಕರಾವಳಿಯಲ್ಲಿ ಬೇರೂರಿದಂತೆ ಮೊಜಾಂಬಿಕ್‌ನಲ್ಲೂ ಬೇರೂರಿತು. 1970ರ ದಶಕದ ಆರಂಭದಲ್ಲಿ ಗೇರುಬೀಜಕ್ಕೆ ಆ ದೇಶವೇ ಜಗತ್ತಿಗೆ ಮೊದಲು.

1975ರಲ್ಲಿ ಸ್ವಾತಂತ್ರ್ಯ ಬಂತು; ಎರಡೇ ವರ್ಷಕ್ಕೆ ಫ್ರೆಲಿಮೊ ಸರ್ಕಾರಕ್ಕೂ ರೆನಾಮೊ ಬಂಡುಕೋರರಿಗೂ ಯುದ್ಧ. ರೈತರು ಊರು ಬಿಟ್ಟರು. ಮುದಿ ಮರಗಳ ಜಾಗದಲ್ಲಿ ಹೊಸ ಸಸಿ ನೆಡುವವರಿಲ್ಲ.

1992ರಲ್ಲಿ ರೋಮ್‌ನಲ್ಲಿ ಶಾಂತಿ ಒಪ್ಪಂದವಾಯಿತು. ಇನ್ನು ಚೇತರಿಸಿಕೊಳ್ಳಬೇಕು ಎನ್ನುವಷ್ಟರಲ್ಲಿ ವಿಶ್ವಬ್ಯಾಂಕ್ ಸಾಲಕ್ಕೆ ಷರತ್ತು ಹಾಕಿತು: ಸಿಪ್ಪೆ ಬಿಡಿಸದ ಬೀಜದ ರಫ್ತು ಸುಂಕ ಇಳಿಸಿ. ರೈತನಿಗೆ ಒಳ್ಳೆಯ ಬೆಲೆ ಸಿಗುತ್ತದೆಂಬುದು ಲೆಕ್ಕ. ಕಾಗದದ ಮೇಲೆ ಸರಿಯೇ! ಆದರೆ ಲಾಭದ ದೊಡ್ಡ ಪಾಲು ನುಂಗಿದವರು ವ್ಯಾಪಾರಿಗಳು. ಬೀಜ ಸಿಪ್ಪೆ ಸಮೇತ ಭಾರತದ ಹಡಗು ಹತ್ತಿತು. ಮೊಜಾಂಬಿಕ್‌ನ ಕಾರ್ಖಾನೆಗಳಲ್ಲಿ ಚರ್ಮ ಸುಡುವ ಸಿಪ್ಪೆಯೆಣ್ಣೆಯ ನಡುವೆ ಬೀಜ ಒಡೆದು ತಿರುಳು ತೆಗೆಯುತ್ತಿದ್ದ ಸಾವಿರಾರು ಮಂದಿ, ಅವರಲ್ಲಿ ಹೆಂಗಸರೂ ಬಹಳ, ಕೆಲಸ ಕಳೆದುಕೊಂಡರು.

1999ರಲ್ಲಿ ಆ ದೇಶದ ಸಂಸತ್ತು ಸುಂಕವನ್ನು ಮತ್ತೆ ಏರಿಸಿತು. ಅಷ್ಟರಲ್ಲಿ ದೊಡ್ಡ ಕಾರ್ಖಾನೆಗಳಲ್ಲಿ ಹೆಚ್ಚಿನವು ಬಾಗಿಲು ಹಾಕಿದ್ದವು.